ಒಂದು ನೂಲು ಕಮ್ಮಿ

ಇವತ್ತಿಗೆ ಮೂರು ದಿನ, ಇನ್ನೈದು ಎಂದುಕೊಂಡು ಅವಳು ಮಗಳ ಹಳೆಯ ಸ್ಲೇಟನ್ನು ಸೆರಗಿನಿಂದ ಒರೆಸಿದಳು. ಎಂಟು ದಿನ ಮಾತು ಬೇಡ, ಪಿಸುಮಾತೂ ಬೇಡ, ಪಿಸುಮಾತು ಇನ್ನೂ ಕೆಟ್ಟದ್ದು ಎಂದು ಗಂಟಲಿನ ಡಾಕ್ಟರು ಹೇಳಿದಾಗ ಅವಳಿಗೆ ಮೊದಲು ನಗುವೇ ಬಂದಿತ್ತು. ಪಾಪ, ಆ ಮನುಷ್ಯನಿಗೇನು ಗೊತ್ತು. ಬೇರೆ ಮನೆಗಳಲ್ಲಿ ಸೊಸೆ ಎಂಟು ದಿನ ಬಾಯಿ ಮುಚ್ಚಿಕೊಂಡರೆ ಎಲ್ಲರೂ ನೆಮ್ಮದಿಯಾಗಿ ನಿದ್ದೆ ಮಾಡುತ್ತಾರೆ. ಇವಳ ಮನೆಯಲ್ಲಿ ಒಂದು ಹೊತ್ತು ಮುಚ್ಚಿಕೊಂಡರೆ ಸಂಸಾರವೇ ನಿಂತುಹೋಗುತ್ತದೆ. ಏಳು ವರ್ಷಗಳಿಂದ ಮಾವ ಮತ್ತು ಗಂಡ ಒಂದೇ ಮನೆಯಲ್ಲಿ ಉಂಡು, ಒಂದೇ ಅಂಗಡಿಯಲ್ಲಿ ದುಡಿದು, ಒಬ್ಬರಿಗೊಬ್ಬರು ಒಂದು ಮಾತನ್ನೂ ಆಡದೆ ಬದುಕಿದ್ದರು. ಆಡಬೇಕಾದದ್ದನ್ನೆಲ್ಲ ಅವಳು ಆಡುತ್ತಿದ್ದಳು. ಎದುರುಬದುರು ಊಟಕ್ಕೆ ಕೂತಾಗಲೂ ಮಾವ 'ನೀರಿನ ಚೊಂಬು ಈ ಕಡೆ ಸರಿಸೋಕೆ ಹೇಳಮ್ಮ' ಎನ್ನುವುದು, ಚೊಂಬು ಗಂಡನ ಮೊಣಕೈಗೆ ತಾಗಿಕೊಂಡೇ ಇದ್ದರೂ ಅವನು ಅವಳ ಬಾಯಿಯಿಂದ ಬರುವ ತನಕ ಕಾಯುವುದು. ಮಗಳು ಚಿಕ್ಕವಳಿದ್ದಾಗ ಗೆಳತಿಯ ಮನೆಗೆ ಹೋಗಿ ಬಂದು, 'ಅಮ್ಮಾ, ಅವರ ಮನೇಲಿ ತಾತ, ಅಪ್ಪ ಇಬ್ರೂ ನೇರವಾಗಿ ಮಾತಾಡ್ತಾರೆ' ಎಂದು ಕಣ್ಣರಳಿಸಿ ಹೇಳಿದ್ದಳು.

ಇದನ್ನು ಯಾರಾದರೂ ಕಷ್ಟ ಎಂದರೆ ಅವಳು ಒಪ್ಪುತ್ತಿರಲಿಲ್ಲ. ಅವಳಿಗೆ ಅದು ಬರುತ್ತಿತ್ತು, ಚೆನ್ನಾಗಿ ಬರುತ್ತಿತ್ತು, ಬರುತ್ತದೆ ಎಂಬುದು ಅವಳಿಗೆ ಗೊತ್ತೂ ಇತ್ತು. ಇಬ್ಬರೂ ಒಂದೇ ಕೋಣೆಯಲ್ಲಿದ್ದಾಗ ಉಪ್ಪು ನೀರಿನ ಮಾತಷ್ಟೇ. ಅಸಲು ಮಾತೆಲ್ಲ ಬರುವುದು ಒಬ್ಬರು ಹಿತ್ತಿಲಲ್ಲಿದ್ದು ಇನ್ನೊಬ್ಬರು ಜಗಲಿಯಲ್ಲಿದ್ದಾಗ, ಮತ್ತು ಹಿತ್ತಿಲಿಗೂ ಜಗಲಿಗೂ ನಡುವಿನ ಹತ್ತು ಹೆಜ್ಜೆಯಲ್ಲಿ ಅವಳು ಆ ಮಾತಿನ ಸಿಪ್ಪೆ ಸುಲಿದು, ಬೀಜ ತೆಗೆದು, ತಿನ್ನುವ ಹಾಗೆ ಮಾಡುತ್ತಿದ್ದಳು. 'ಆ ದಂಡಪಿಂಡಕ್ಕೆ ಹೇಳು, ದೀಪ ಆರಿಸಿ ಬಿದ್ಕೊಳ್ಳಲಿ' ಎಂದು ಮಾವ ಅಂದರೆ, ಗಂಡನ ಕಿವಿಗೆ ಬೀಳುವುದು 'ಕಣ್ಣಿಗೆ ಆಯಾಸ ಆಗುತ್ತೆ, ಮಲ್ಕೋಬೇಕಂತೆ'. 'ಈ ವಯಸ್ಸಲ್ಲಿ ಏಣಿ ಹತ್ತಿ ಬಿದ್ರೆ ನೋಡ್ಕೊಳ್ಳೋರು ಯಾರು, ನನ್ನ ಕೈಲಂತೂ ಆಗಲ್ಲ' ಎಂದು ಗಂಡ ಅಂದರೆ, ಮಾವನ ಕಿವಿಗೆ 'ಏಣಿ ನೀವು ಹತ್ಬೇಡಿ ಅಂದ್ರು, ಇವರೇ ಹತ್ತುತ್ತಾರಂತೆ'. ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಹೀಗೆ ಏಳು ವರ್ಷಗಳಲ್ಲಿ ತಂದೆಗೆ ಮಗ ಮೆತ್ತಗಾಗಿದ್ದಾನೆ ಎನಿಸಿತ್ತು, ಮಗನಿಗೆ ತಂದೆ ಮೆತ್ತಗಾಗಿದ್ದಾರೆ ಎನಿಸಿತ್ತು, ಮತ್ತು ಇಬ್ಬರೂ ಮಾತಾಡದೆಯೇ ಚೆನ್ನಾಗಿದ್ದರು.

ಅಂಗಡಿ ಫೋಟೋಗಳಿಗೆ ಕಟ್ಟು ಹಾಕುವುದು. ಮುಂದಿನ ಭಾಗದಲ್ಲಿ ಮಾವನ ಮೇಜು. ಅಲ್ಲಿ ಅವರು ಮರದ ಪಟ್ಟಿಗಳನ್ನು ಅಳೆದು, ಮೂಲೆ ಓರೆಯಾಗಿ ಕೊಯ್ದು, ಅಂಟು ಮೊಳೆ ಹಾಕಿ ಚೌಕಟ್ಟು ಕೂರಿಸುತ್ತಾರೆ. ಹಲಗೆ ಗೋಡೆಯ ಹಿಂದೆ ಗಂಡನ ಮೇಜು, ಅದರ ಮೇಲೆ ಕಂಬಳಿ, ಕಂಬಳಿಯ ಮೇಲೆ ಗಾಜು. ಮಾವ ಚೌಕಟ್ಟಿನ ಒಳಗನ್ನು ಅಳೆದು ಅಳತೆ ಹೇಳುತ್ತಾರೆ, ಅವಳು ಗೋಡೆ ದಾಟಿ ಹೋಗಿ ಅದನ್ನು ಗಂಡನಿಗೆ ಹೇಳುತ್ತಾಳೆ, ಗಂಡ ಗಾಜು ಕೊಯ್ಯುತ್ತಾನೆ. ಹೇಳುವಾಗ ಪ್ರತಿ ಸಲವೂ ಅವಳು ಒಂದು ನೂಲು ಕಮ್ಮಿ ಮಾಡಿ ಹೇಳುತ್ತಾಳೆ. ಇಂಚಿನಲ್ಲಿ ಎಂಟನೆಯ ಒಂದು ಪಾಲು, ಅಷ್ಟೇ. ಆ ಅಷ್ಟರಲ್ಲೇ ಜಗಳವೆಲ್ಲ ಇತ್ತು. ಮಾವನ ಅಡಿಕೋಲು ಅವರಪ್ಪ ಬಳಸುತ್ತಿದ್ದದ್ದು, ಎರಡಡಿ ಉದ್ದದ್ದು, ಕಪ್ಪು ಮರದ್ದು, ಹಿತ್ತಾಳೆಯ ಗೆರೆಗಳದ್ದು. ಎರಡು ತಲೆಮಾರು ಮೇಜಿಗೆ ಕುಟ್ಟಿ ಕುಟ್ಟಿ ಅದರ ಒಂದು ತುದಿ ಸವೆದುಹೋಗಿತ್ತು. ಅದರಲ್ಲಿ ಹನ್ನೆರಡು ಎಂದರೆ ನಿಜಕ್ಕೂ ಹನ್ನೆರಡಕ್ಕೆ ಒಂದು ನೂಲು ಕಮ್ಮಿ. ಗಂಡನದು ಹೊಸ ಉಕ್ಕಿನ ಟೇಪು. ಗಾಜು ಕೂರುತ್ತಿರಲಿಲ್ಲ. ಒಂದು ದಿನ ಗಿರಾಕಿಗಳ ಎದುರಿಗೇ, 'ಆ ಕೋಲನ್ನ ಒಲೆಗೆ ಹಾಕಿ ಅಪ್ಪ, ನೀವೂ ಸವೆದಿದೀರಿ, ಅದೂ ಸವೆದಿದೆ' ಎಂದುಬಿಟ್ಟ. ಮಾವ ಕೋಲನ್ನು ಎತ್ತಿ ಎದೆಗೆ ಒರಗಿಸಿಕೊಂಡು, 'ಇನ್ನು ನನ್ನ ಹತ್ರ ಮಾತು ಬೇಡ. ನಾನು ಸತ್ತ ಮೇಲೆ ನನ್ನ ಫೋಟೋಗೆ ಕಟ್ಟು ಹಾಕ್ತೀಯಲ್ಲ, ಆಗ ನಿನ್ನ ಟೇಪಲ್ಲೇ ಅಳತೆ ಹಿಡಿ' ಎಂದಿದ್ದರು. ಅದಾದ ಮೇಲೆ ಅವಳು ನೂಲು ಕಳೆಯಲು ಶುರುಮಾಡಿದಳು. ಗಾಜು ಬೆಣ್ಣೆಯ ಹಾಗೆ ಕೂರತೊಡಗಿತು. ಅಪ್ಪ ಕೊನೆಗೂ ಟೇಪು ತಗೊಂಡಿದ್ದಾರೆ, ಕೋಲನ್ನು ಬರೀ ಮರ್ಯಾದೆಗೆ ಮೇಜಿನ ಮೇಲೆ ಇಟ್ಟಿದ್ದಾರೆ ಎಂದು ಮಗ ಗೆದ್ದ. ಕೋಲು ಸರಿಯಾಗೇ ಇತ್ತು, ಇವನೇ ಕೈ ತಿದ್ದಿಕೊಂಡ ಎಂದು ಅಪ್ಪ ಗೆದ್ದರು.

ನಿನ್ನೆ ಮೊನ್ನೆ ತೊಂದರೆಯಾಗಲಿಲ್ಲ. ಮಾವ ಹೇಳಿದ್ದನ್ನು ಸ್ಲೇಟಿನಲ್ಲಿ ಬರೆದು, ಹಲಗೆ ಗೋಡೆಯ ಮರೆಗೆ ಹೋಗಿ, ಹೆಬ್ಬೆರಳಿನಿಂದ ಒರೆಸಿ, ನೂಲು ಕಳೆದು ಬರೆದು ಗಂಡನ ಮುಂದೆ ಹಿಡಿದಿದ್ದಳು. ಆದರೂ ಸ್ಲೇಟು ಅವಳಿಗೆ ಹಿಡಿಸಲಿಲ್ಲ. ಬಾಯಿಂದ ಬಂದ ಮಾತು ಗಾಳಿಗೆ ಹೋಯಿತು. ಬರೆದದ್ದು ಅಲ್ಲೇ ಕೂತು ನಿಮ್ಮ ಮುಖವನ್ನೇ ನೋಡುತ್ತದೆ. ಮನೆಯಲ್ಲಿ ಇನ್ನೂ ಕಷ್ಟ. ನಿನ್ನೆ ಸಂಜೆ ಮಾವ ಏನೋ ಗೊಣಗಿದ್ದನ್ನು ಅವಳು ತಿದ್ದಿ ಬರೆಯುತ್ತಿದ್ದಾಗ ಮಗಳು ಹೆಗಲ ಮೇಲಿಂದ ಬಗ್ಗಿ ನೋಡಿ, 'ತಾತ ಹೇಳಿದ್ದು ಅದಲ್ಲವಲ್ಲ ಅಮ್ಮ' ಎಂದಳು. ಅವಳು ಸ್ಲೇಟನ್ನು ಮಗುಚಿ ಹಾಕಿ ಸೌಟಿಗೆ ಕೈ ಹಾಕಿದ್ದಳು, ಕಿವಿ ಬಿಸಿಯಾಗಿತ್ತು.

ಇವತ್ತಿನ ಕೆಲಸ ದೊಡ್ಡದು. ನಿವೃತ್ತರಾಗುವ ಹೆಡ್ಮಿಸ್ಟ್ರೆಸ್ ಒಬ್ಬರು ಶಾಲೆಯ ಅಷ್ಟೂ ಮಕ್ಕಳ ಜೊತೆ ತೆಗೆಸಿಕೊಂಡ ಫೋಟೋ, ಬೆಳಕು ಹೊಡೆದರೂ ಮಿನುಗದ ವಿಶೇಷ ಗಾಜೇ ಬೇಕು ಎಂದಿದ್ದರು, ಆ ಗಾಜು ತರಿಸಲು ಹದಿನೈದು ದಿನ ಹಿಡಿದಿತ್ತು, ಬಂದದ್ದು ಒಂದೇ ಹಾಳೆ. ನಾಲ್ಕು ಗಂಟೆಗೆ ಅವರ ಬೀಳ್ಕೊಡುಗೆ. ಅಂಥ ಗಾಜನ್ನು ಒಮ್ಮೆ ದೊಡ್ಡದಾಗಿ ಕೊಯ್ದರೆ ಆಮೇಲೆ ಅಂಚಿನಿಂದ ಒಂದು ನೂಲು ಸಣ್ಣಗೆ ತೆಗೆಯುವುದು ಆಗದ ಮಾತು, ಸೀಳು ಒಳಕ್ಕೆ ಓಡುತ್ತದೆ. ಮಾವ ಚೌಕಟ್ಟಿನೊಳಗೆ ಅಡಿಕೋಲು ಇಟ್ಟು ಎರಡು ಸಲ ಅಳೆದರು, ಮೂರನೆಯ ಸಲವೂ ಅಳೆದರು. ಅವಳು ಬಳಪ ಹಿಡಿದಳು. 'ಬರಿಯಮ್ಮ. ಇಪ್ಪತ್ತೆರಡು, ಹದಿನೇಳೂವರೆ.' ಅವಳು ಬರೆದಳು. ಹೊರಡಬೇಕೆನ್ನುವಾಗ, 'ತಾ ಇಲ್ಲಿ, ಸರಿಯಾಗಿ ಬರೆದ್ಯಾ ನೋಡ್ತೀನಿ, ಒಂದೇ ಗಾಜು' ಎಂದು ಸ್ಲೇಟಿನ ಅಂಚು ಹಿಡಿದುಕೊಂಡರು. ದೊಡ್ಡ ಅಕ್ಷರ, ಅವರಿಗೆ ಕಂಡಿತು. ಆದರೂ ಸ್ಲೇಟು ಬಿಡಲಿಲ್ಲ. ಅದನ್ನೇ ನೋಡುತ್ತ, ಅವಳನ್ನು ನೋಡುತ್ತ, ಬೇಸರವೋ ಅವಸರವೋ, ಹಲಗೆ ಗೋಡೆಯ ಕಡೆ ಮುಖ ಮಾಡಿ ದನಿ ಎತ್ತಿದರು.

'ಇಪ್ಪತ್ತೆರಡು, ಹದಿನೇಳೂವರೆ. ಕೇಳಿಸ್ತಾ?'

ಹಿಂದಿನ ಕೋಣೆಯಲ್ಲಿ ಕಾಗದದ ಸದ್ದು ನಿಂತಿತು. ರಸ್ತೆಯಲ್ಲಿ ಒಂದು ಸೈಕಲ್ಲು ಹೋಯಿತು, ಎದುರಿನ ಅಂಗಡಿಯವನು ಬಾಗಿಲು ಎಳೆದ. 'ಕೇಳಿಸ್ತು' ಎಂದು ಗಂಡ ಹೇಳಿದ. ಸ್ವಲ್ಪ ಬಿಟ್ಟು, ಯಾರನ್ನೋ ಮೊದಲ ಸಲ ಮಾತಾಡಿಸುವವನಂತೆ, 'ಗಾಜಿಗೆ ಸಡಿಲ ಬಿಟ್ಟು ಹೇಳಿದ್ದಾ, ಅಪ್ಪ?' ಎಂದ. 'ಬಿಟ್ಟೇ ಹೇಳಿದ್ದು' ಎಂದರು ಮಾವ. ಅಷ್ಟೇ. ಮಾವ ಸ್ಲೇಟನ್ನು ಅವಳ ಕೈಗೆ ಕೊಟ್ಟು ಕೂತರು. ಅವರ ಬೆರಳುಗಳು ಮೇಜಿನ ಮೇಲಿನ ಮರದ ಪುಡಿಯನ್ನು ಸುಮ್ಮನೆ ಗುಡ್ಡೆ ಮಾಡುತ್ತಿದ್ದವು.

ಸಂತೋಷಪಡಬೇಕಿತ್ತು, ಅವಳಿಗೆ ಗೊತ್ತು. ಆದದ್ದು ಹೊಟ್ಟೆಕಿಚ್ಚು. ಏಳು ವರ್ಷ ಈ ಇಬ್ಬರ ನಾಲಿಗೆಯಾಗಿ ಇದ್ದವಳಿಗೆ ಅರ್ಧ ನಿಮಿಷದಲ್ಲಿ ಕೆಲಸ ಹೋಗಿತ್ತು, ಅದೂ ಇಂಚಿನ ಮಾತಿಗೆ. ಅದರ ಹಿಂದೆಯೇ ಹೆದರಿಕೆ ಬಂತು, ಅದು ಹೊಟ್ಟೆಕಿಚ್ಚಿಗಿಂತ ಹಳೆಯದು. ಇವರಿಬ್ಬರೂ ಮಾತಾಡತೊಡಗಿದರೆ ಇವತ್ತಲ್ಲ ನಾಳೆ ಆ ಸಂಜೆಯವರೆಗೂ ಬರುತ್ತಾರೆ. ಆಗ ಜಗಳವಾಗಿ ಮೂರು ತಿಂಗಳಾಗಿತ್ತು. ಹಿತ್ತಿಲಿನ ನಲ್ಲಿಯಲ್ಲಿ ಕೈಗೆ ಮೆತ್ತಿದ ಅಂಟು ತೊಳೆಯುತ್ತ ಗಂಡ ಮುಖ ತಿರುಗಿಸದೆ ಹೇಳಿದ್ದ, 'ಅಪ್ಪಂಗೆ ಹೇಳು, ನಂದೇ ತಪ್ಪು ಅಂತ. ನಾಲ್ಕು ಜನರ ಎದುರಿಗೆ ಹಾಗನ್ನಬಾರದಿತ್ತು. ಅವರು ಹೂಂ ಅಂದ್ರೆ ನಾಳೆಯಿಂದ ನಾನೇ ಮಾತಾಡಿಸ್ತೀನಿ.' ಅವಳು ಚಹಾ ತೆಗೆದುಕೊಂಡು ಜಗಲಿಗೆ ಹೋದಳು, ಮಾತು ನಾಲಿಗೆಯ ತುದಿಯಲ್ಲೇ ಇತ್ತು. ಮಾವ ಲೋಟ ತೆಗೆದುಕೊಂಡು, 'ಕೂತ್ಕೊಮ್ಮ' ಎಂದರು. ಆ ಮನೆಗೆ ಬಂದು ಒಂಬತ್ತು ವರ್ಷವಾಗಿತ್ತು, ಯಾರೂ ಅವಳನ್ನು ಹಾಗೆ ಕೂರಿಸಿರಲಿಲ್ಲ. ಆಗಿನ್ನೂ ಇದ್ದ ಅತ್ತೆಗೆ ಅವಳು ಹೇಳಿದ್ದು ಗೋಡೆಗೆ ಹೇಳಿದ ಹಾಗೆ. ಗಂಡನೋ, ಮೂರು ಸಲ ಹೇಳಿದರೆ ನಾಲ್ಕನೆಯ ಸಲ 'ಏನೋ ಅಂದ್ಯಲ್ಲ' ಎನ್ನುವವನು. 'ಅಂಗಡಿ ಬಾಗಿಲಿಗೆ ಬಣ್ಣ ಹೊಡೆಸ್ಬೇಕು. ಯಾವ್ದು ಚೆನ್ನಾಗಿರುತ್ತೆ, ನೀನೇ ಹೇಳು' ಎಂದು ಮಾವ ಕೇಳಿದರು. ಅವಳು ಹಸಿರು ಎಂದಳು. ಮಾರನೆಯ ವಾರ ಬಾಗಿಲು ಹಸಿರಾಯಿತು, ಗಿರಾಕಿಗಳು ಹಸಿರು ಬಾಗಿಲಿನ ಅಂಗಡಿ ಎನ್ನತೊಡಗಿದರು. ಆ ಸಂಜೆ ಅವಳು ಹಿತ್ತಿಲಿಗೆ ಮರಳಿದಾಗ ಗಂಡ ಇನ್ನೂ ನಲ್ಲಿಯ ಹತ್ತಿರವೇ ನಿಂತಿದ್ದ, ಕೈಯಿಂದ ನೀರು ತೊಟ್ಟಿಕ್ಕುತ್ತಿತ್ತು. 'ಏನಂದ್ರು?' 'ಏನೂ ಅನ್ನಲಿಲ್ಲ' ಎಂದಳು. ಸುಳ್ಳೆಂದು ಯಾರೂ ಹೇಳಲಾರರು, ಮಾವ ಏನೂ ಅಂದಿರಲಿಲ್ಲ. ಅವನು ಒದ್ದೆ ಕೈಯನ್ನು ಪಂಚೆಗೆ ಒರೆಸಿಕೊಂಡು, 'ಆಯ್ತು ಬಿಡು' ಎಂದ. ಮುಂದಿನ ವಾರ ಹೇಳಿದರಾಯಿತು ಎಂದುಕೊಂಡಳು, ಆಮೇಲೆ ಮುಂದಿನ ತಿಂಗಳು. ಹಳಸಿದ್ದನ್ನು ಯಾವ ಮುಖ ಇಟ್ಟುಕೊಂಡು ಬಡಿಸುವುದು.

ಹಲಗೆಯ ಸಂದಿನಲ್ಲಿ ಗಂಡ ಕಾಣುತ್ತಿದ್ದ. ಗಾಜನ್ನು ಕಂಬಳಿಯ ಮೇಲೆ ಮಲಗಿಸಿ ಪೇಪರಿನಿಂದ ಒರೆಸುತ್ತಿದ್ದ, ಮೂಲೆಯಿಂದ ಮೂಲೆಗೆ, ಅವಸರವಿಲ್ಲದೆ. ಕೊಯ್ಯುವ ಚಕ್ರವನ್ನು ಸೀಮೆಎಣ್ಣೆಯ ಮುಚ್ಚಳದಲ್ಲಿ ಅದ್ದಿದ. ಅವಳು ಸುಮ್ಮನಿದ್ದರೆ ಸಾಕು. ಡಾಕ್ಟರೇ ಸುಮ್ಮನಿರಲು ಹೇಳಿದ್ದಾರೆ. ಗಾಜು ಒಂದು ನೂಲು ಹೆಚ್ಚಾಗುತ್ತದೆ, ಕೂರುವುದಿಲ್ಲ, ಅವನು ಅಳತೆ ತಪ್ಪು ಎನ್ನುತ್ತಾನೆ, ಇವರು ಕೈ ತಪ್ಪು ಎನ್ನುತ್ತಾರೆ, ಹೆಡ್ಮಿಸ್ಟ್ರೆಸ್ ಬಾಗಿಲಲ್ಲಿ ನಿಂತಿರುತ್ತಾರೆ, ಅದೇ ಜಗಳ, ಅದೇ ಗಿರಾಕಿಯ ಎದುರು. ಸಾಯಂಕಾಲದ ಹೊತ್ತಿಗೆ 'ಅವನಿಗೆ ಹೇಳಮ್ಮ', 'ಅಪ್ಪಂಗೆ ಹೇಳು'. ಗಂಟಲು ಸರಿಹೋಗುವ ತನಕ ಸ್ಲೇಟು, ಆಮೇಲೆ ಜೀವಮಾನವಿಡೀ ಅವಳೇ. ಒಂದು ಗಾಜು ತಾನೇ, ಹೋದರೆ ಹೋಗಲಿ. ಇಷ್ಟನ್ನು ಅವಳು ಸ್ಪಷ್ಟವಾಗಿ, ಸಾಮಾನಿನ ಪಟ್ಟಿ ಹಾಕುವ ಹಾಗೆ ಯೋಚಿಸಿದಳು, ಯೋಚಿಸುತ್ತಿರುವುದು ತಾನೇ ಎಂದು ಗೊತ್ತಿದ್ದೂ ಯೋಚಿಸಿದಳು. ಅವನು ಟೇಪು ಎಳೆದು ಇಪ್ಪತ್ತೆರಡಕ್ಕೆ ಗುರುತು ಹಾಕಿದ. ಆ ಗುರುತು ಹಾಕುವಾಗ ಅವನ ಮುಖದಲ್ಲಿ ಒಂದು ಸಣ್ಣ ಜಂಬವಿತ್ತು, ಅಪ್ಪನ ಬಾಯಿಂದಲೇ ಕೇಳಿದ ಅಳತೆಯ ಜಂಬ. ಐವತ್ತರ ಹತ್ತಿರದ ಮನುಷ್ಯ, ತಲೆ ಅರ್ಧ ನೆರೆತವನು. ಅವಳಿಗೆ ತನ್ನ ಮೇಲೆಯೇ ಹೇಸಿಗೆಯಾಯಿತು. ಹೋಗಿ ಅವನ ಮಣಿಕಟ್ಟು ಹಿಡಿದಳು, ಹಿಡಿದುಕೊಂಡೇ ಇನ್ನೊಂದು ಕೈಯಲ್ಲಿ, ಮೇಜಿನ ಮೇಲಿಟ್ಟ ಸ್ಲೇಟಿಗೆ ಬರೆದಳು: ನೂಲು ಕಮ್ಮಿ.

'ಅಪ್ಪ ಈಗ ತಾನೇ ಹೇಳಿದ್ರಲ್ಲ, ಇಪ್ಪತ್ತೆರಡು ಅಂತ' ಎಂದ ಅವನು, ಜೋರಾಗಿಯೇ. ಮಾವ ಎದ್ದು ಬಂದರು, ಅಡಿಕೋಲು ಕೈಯಲ್ಲೇ ಇತ್ತು. ಈಗ ಅತ್ತ ದರಿ, ಇತ್ತ ಪುಲಿ. ಕೋಲು ಸವೆದಿದೆ ಎನ್ನುವುದು ಗಂಡ ಅಂದು ಆಡಿದ್ದ ಅದೇ ಮಾತು. ಆಡದಿದ್ದರೆ ಗಾಜು ಹೋಯಿತು. ಅವಳು ಮಾವನ ಕೈಯಿಂದ ಕೋಲನ್ನು ತೆಗೆದುಕೊಂಡು, ತೆಗೆದುಕೊಂಡದ್ದಕ್ಕೆ ಅವರೂ ಬೆರಗಾದರು ಅವಳೂ ಬೆರಗಾದಳು, ಕಂಬಳಿಯ ಮೇಲೆ ಉಕ್ಕಿನ ಟೇಪಿನ ಪಕ್ಕ, ತುದಿಗೆ ತುದಿ ಸೇರಿಸಿ ಇಟ್ಟಳು. ಗೆರೆಗಳು ಒಂದಕ್ಕೊಂದು ಕೂಡಲಿಲ್ಲ. ಆಮೇಲೆ ದೊಡ್ಡ ಅಕ್ಷರದಲ್ಲಿ, ಇಬ್ಬರಿಗೂ ಕಾಣುವ ಹಾಗೆ ಬರೆದಳು: ಏಳು ವರ್ಷದಿಂದ ನಾನೇ ಕಳೆದು ಹೇಳ್ತಿದ್ದೆ.

ಮಾವ ಬಗ್ಗಿ ಕೋಲಿನ ತುದಿಯನ್ನು ಹೆಬ್ಬೆರಳಿನಿಂದ ಸವರಿದರು. 'ಹಾಗಾದ್ರೆ ಅಪ್ಪ, ನೀವು ಟೇಪು ತಗೊಂಡೇ ಇರಲಿಲ್ವಾ?' ಎಂದ ಗಂಡ. 'ನಾನ್ಯಾಕೆ ತಗೊಳ್ಲಿ. ನೀನು ಕೈ ತಿದ್ಕೊಂಡೆ ಅಂದ್ಕೊಂಡಿದ್ದೆ.' ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು, ಇಬ್ಬರ ಬಾಯಿಯ ಕೊನೆಯೂ ಒಂದೇ ರೀತಿ ಅದುರಿತು, ಮಾವ ಅವಳ ಕಡೆ ತಿರುಗಿ 'ಭಾರಿ ಕಿಲಾಡಿ ಕಣಮ್ಮ ನೀನು' ಎಂದರು. ಅವಳಿಗೆ ಎದೆ ಹಗುರಾಯಿತು. ಇಲ್ಲಿಗೇ ನಿಂತರೆ ಅವಳು ಮನೆಯನ್ನು ಉಳಿಸಿದ ಜಾಣೆ, ಮೊಮ್ಮಕ್ಕಳ ಕಾಲಕ್ಕೂ ಹೇಳಿ ನಗುವ ಕಥೆ. ನಿಲ್ಲಬಹುದಿತ್ತು. ಆದರೆ ಮಾವ ಮಗನ ಕಡೆ ನೋಡದೆ, ಕೋಲನ್ನು ನೋಡುತ್ತ, 'ಏಳು ವರ್ಷ. ಒಂದೇ ಒಂದು ಸಲ ತಪ್ಪಾಯ್ತು ಅಂದಿದ್ರೆ ಅವತ್ತೇ ಮುಗಿದುಹೋಗ್ತಿತ್ತಲ್ಲೋ' ಎಂದರು.

ಗಂಡನ ಮುಖ ಗಂಟಾಯಿತು. ಕೊಯ್ಯುವ ಚಕ್ರವನ್ನು ಮತ್ತೆ ಎಣ್ಣೆಯಲ್ಲಿ ಅದ್ದಿದ, ಅಗತ್ಯವಿಲ್ಲದಿದ್ದರೂ. ಅವನು ಏನು ಯೋಚಿಸುತ್ತಿದ್ದಾನೆಂದು ಅವಳಿಗೆ ಓದಿದಷ್ಟು ಚೆನ್ನಾಗಿ ಗೊತ್ತಿತ್ತು: ಹೇಳಿ ಕಳಿಸಿದ್ದೆ, ಕೇಳಿಯೂ ಏನೂ ಅನ್ನಲಿಲ್ಲ, ಈಗ ಕೇಳೇ ಇಲ್ಲ ಅಂತಾರೆ. ಅವನು ಅದನ್ನು ಹೇಳುವವನಲ್ಲ, ನುಂಗುವವನು. ಈ ಸಲ ನುಂಗಿದರೆ ಅದು ಮಾವನ ಕಡೆಯ ದಿನದವರೆಗೂ ಒಳಗೇ ಇರುತ್ತದೆ, ಮತ್ತು ಅಲ್ಲಿ ಇಟ್ಟವಳು ಅವಳು. ಮೂವರಲ್ಲಿ ಅವಳಿಗೊಬ್ಬಳಿಗೇ ಗೊತ್ತು. ಅವಳು ಸ್ಲೇಟನ್ನು ಎರಡೂ ಕಡೆ ಒರೆಸಿದಳು, ಸ್ಟೂಲಿನ ಮೇಲೆ ಕೂತು ಬರೆಯತೊಡಗಿದಳು. ಬರೆಯಬೇಕಾದದ್ದು ಬಹಳವಿತ್ತು, ಸ್ಲೇಟು ಚಿಕ್ಕದು. ಅಕ್ಷರ ಸಾಲಿನಿಂದ ಸಾಲಿಗೆ ಸಣ್ಣದಾಯಿತು. ಮುಗಿಸಿ ಮಾವನ ಕೈಗೆ ಕೊಟ್ಟಳು, ಅದು ಅವರಿಗೆ ಸೇರಬೇಕಾದ್ದು.

ಮಾವ ಸ್ಲೇಟನ್ನು ದೂರ ಹಿಡಿದರು, ಹತ್ತಿರ ಹಿಡಿದರು, ಕಿಟಕಿಯ ಕಡೆ ತಿರುಗಿಸಿದರು. 'ಇರುವೆ ಸಾಲು ಬರೆದಿದೀಯಲ್ಲಮ್ಮ' ಎಂದು ಗೊಣಗಿ, ಕೊನೆಗೆ ಅದನ್ನು ಮಗನಿಗೆ ಚಾಚಿದರು. 'ಏನು ಬರೆದಿದಾಳೆ, ಓದು.'

ಇದನ್ನು ಅವಳು ಯೋಚಿಸಿರಲಿಲ್ಲ. ಅವನು ಓದತೊಡಗಿದ, ರಸೀದಿ ಓದುವ ದನಿಯಲ್ಲಿ. 'ಜಗಳ ಆಗಿ ಮೂರು ತಿಂಗಳಿಗೆ ಇವರು…' ನಿಂತ. 'ಓದು' ಎಂದರು ಮಾವ. 'ಇವರು, ನಂದೇ ತಪ್ಪು, ನಾಲ್ಕು ಜನರ ಎದುರಿಗೆ ಹಾಗನ್ನಬಾರದಿತ್ತು, ಅಪ್ಪಂಗೆ ಹೇಳು ಅಂದಿದ್ರು. ನಾನು ನಿಮಗೆ ಹೇಳಲಿಲ್ಲ.' ಅವನ ದನಿ ಎಲ್ಲೋ ಕೆಳಗೆ ಹೋಯಿತು, ಅಲ್ಲಿಂದಲೇ ಮುಂದುವರಿಯಿತು. 'ನೀವು ಏನೂ ಅನ್ನಲಿಲ್ಲ ಅಂತ ಇವರಿಗೆ ಹೇಳಿದೆ. ನೀವಿಬ್ರೂ ಮಾತಾಡಿದ್ರೆ ನನ್ನನ್ನ ಯಾರೂ ಕೇಳಲ್ಲ ಅನ್ನಿಸ್ತು. ಮರೆತದ್ದಲ್ಲ. ಬೇಕಂತಲೇ.'

ಗಂಡ ಸ್ಲೇಟನ್ನು ಕಂಬಳಿಯ ಅಂಚಿನಲ್ಲಿಟ್ಟ. ಅವಳನ್ನು ನೋಡಲಿಲ್ಲ. 'ಅಂದಿದ್ಯಾ?' ಎಂದು ಮಾವ ಕೇಳಿದರು. 'ಅಂದಿದ್ದೆ.' ಮಾವ ತಲೆ ಆಡಿಸಿದರು, ಕನ್ನಡಕ ತೆಗೆದು ಅಂಗಿಯ ಚುಂಗಿನಿಂದ ಒರೆಸಿದರು, ಕಣ್ಣನ್ನೂ ಅದರಿಂದಲೇ ಒರೆಸಿಕೊಂಡರು. ಆಮೇಲೆ 'ಗಂಟೆ ಎರಡಾಯ್ತು, ಅವರು ಬರ್ತಾರೆ' ಎಂದರು. ಗಂಡ ಒಂದು ನೂಲು ಒಳಕ್ಕೆ ಗುರುತು ಹಾಕಿ, ಪಟ್ಟಿ ಒತ್ತಿ ಹಿಡಿದು, ಉಸಿರು ಬಿಗಿಹಿಡಿದು ಎಳೆದ. ಮೇಜಿನಂಚಿಗೆ ತಂದು ಒತ್ತಿದಾಗ ಗಾಜು ಗೆರೆಯ ಮೇಲೇ ಬಿಟ್ಟಿತು. ಇಬ್ಬರೂ ಎರಡು ಕಡೆ ಹಿಡಿದು ಅದನ್ನು ಚೌಕಟ್ಟಿಗೆ ಇಳಿಸಿದರು, ಎಲ್ಲೂ ತಾಗಲಿಲ್ಲ. ಗಾಜಿನ ಕೆಳಗೆ ಸಾಲು ಸಾಲು ಮಕ್ಕಳು ಬಿಸಿಲಿಗೆ ಕಣ್ಣು ಕಿರಿದು ಮಾಡಿಕೊಂಡು ನಿಂತಿದ್ದರು. ಮಾವ ಹಿಂಬದಿಯ ರಟ್ಟಿಗೆ ಮೊಳೆ ಹೊಡೆಯುವಾಗ ಗಂಡ ಚೌಕಟ್ಟನ್ನು ಒತ್ತಿ ಹಿಡಿದುಕೊಂಡಿದ್ದ. ಅವಳು ಸ್ಟೂಲಿನ ಮೇಲೆ ಕೂತೇ ಇದ್ದಳು. ನಾಚಿಕೆಯಾಗುತ್ತಿತ್ತು, ಆದರೆ ಹೇಳಿದ್ದಕ್ಕಲ್ಲ. ಏಳು ವರ್ಷದಲ್ಲಿ ಮೊದಲ ಸಲ ಅವಳು ಏನನ್ನೂ ತಿದ್ದದೆ ಒಂದು ಮಾತನ್ನು ತಲುಪಿಸಿದ್ದಳು, ಮತ್ತು ಅದಕ್ಕೆ ಏನು ಬಂದರೂ ಬರಲಿ ಎಂದು ಕಾಯುತ್ತಿದ್ದಳು.

ಕೊನೆಯ ಮೊಳೆ ಹೊಡೆದು ಮಾವ ಸುತ್ತಿಗೆ ಕೆಳಗಿಟ್ಟರು. ಅವಳು ಮೂರು ಮಾರು ದೂರದಲ್ಲಿ, ಅವರ ಎದುರಿಗೇ ಕೂತಿದ್ದಳು. ಅವರು ಅವಳ ಕಡೆ ತಿರುಗದೆ, ಮಗನನ್ನು ನೋಡಿ ಹೇಳಿದರು:

'ಅವಳಿಗೆ ಹೇಳು. ನಾಳೆಯಿಂದ ಈ ಅಂಗಡಿ ಮೆಟ್ಲು ಹತ್ತೋದು ಬೇಡ. ಅವಳ ಮುಖ ನೋಡೋ ಮನಸ್ಸಿಲ್ಲ ನಂಗೆ.'

ಗಂಡ ಚೌಕಟ್ಟಿನಿಂದ ಕೈ ತೆಗೆದ. ಅವನಿಗೂ ಅನ್ಯಾಯವಾಗಿತ್ತು, ಅಪ್ಪನಿಗಿಂತ ಹೆಚ್ಚೇ ಆಗಿತ್ತು. ಅದು ಅವನ ದವಡೆಯಲ್ಲಿ ಕಾಣುತ್ತಿತ್ತು. ಅವನು ಅವಳ ಕಡೆ ತಿರುಗಿದ, ಆ ಮಧ್ಯಾಹ್ನದಲ್ಲಿ ಮೊದಲ ಸಲ ಅವಳ ಮುಖ ನೋಡಿದ, ಏನೋ ಹುಡುಕುವವನಂತೆ ತಡವರಿಸಿದ.

'ಅಪ್ಪ… ಗಂಟಲು ಸರಿಹೋಗೋವರೆಗೂ ಮನೇಲೇ ಇರು ಅಂತಿದಾರೆ. ಇಲ್ಲಿ ಮರದ ಧೂಳು ಜಾಸ್ತಿ, ಒಳ್ಳೇದಲ್ವಂತೆ.'

ಮಾವ ಕೆಮ್ಮಿದರು. ಹಾಗಲ್ಲ ಎನ್ನಲಿಲ್ಲ. ಅವಳು ಎರಡನ್ನೂ ಕೇಳಿಸಿಕೊಂಡಿದ್ದಳು. ಎರಡನೆಯದಕ್ಕೆ ತಲೆಯಾಡಿಸಿದಳು.